ಒಣಹುಲ್ಲು ತಿಂದೇ ಹಸು ಬದುಕುವುದು ಹೇಗೆ, ಮತ್ತು ಅದು ಮೆಲುಕು ಹಾಕುವುದೇಕೆ?

ಹಸುವಿಗೆ ಹುಲ್ಲನ್ನು ಅರಗಿಸಿಕೊಡುವುದು ಅದರ ಹೊಟ್ಟೆಯಲ್ಲಿ ನೆಲೆಸಿರುವ ಸೂಕ್ಷ್ಮಜೀವಿಗಳು. ಹುಲ್ಲಿನ ನಾರನ್ನು, ಅಂದರೆ ಸೆಲ್ಯುಲೋಸನ್ನು, ಒಡೆಯುವ ಕಿಣ್ವ ಹಸುವಿನ ದೇಹದಲ್ಲಿ ತಯಾರಾಗುವುದಿಲ್ಲ. ನಾಲ್ಕು ಹೊಟ್ಟೆಗಳೆಂಬ ಮಾತಿದ್ದರೂ ಇರುವುದು ನಾಲ್ಕು ಕೋಣೆಗಳ ಒಂದೇ ಜಠರ. ಅವುಗಳಲ್ಲಿ ಅತಿ ದೊಡ್ಡದಾದ ರೂಮೆನ್ 100 ಲೀಟರಿಗೂ ಹೆಚ್ಚು ಹಿಡಿಯುವ ಹುದುಗಿನ ತೊಟ್ಟಿಯಂತಿದ್ದು, ಅಲ್ಲಿ ನಾರು ಒಡೆದಾಗ ಹುಟ್ಟುವ ಕೊಬ್ಬಿನಾಮ್ಲಗಳು ಅದರ ಗೋಡೆಯ ಮೂಲಕವೇ ರಕ್ತ ಸೇರಿ ಹಸುವಿಗೆ ಬೇಕಾದ ಶಕ್ತಿಯ ಬಹುಪಾಲನ್ನು ಒದಗಿಸುತ್ತವೆ. ಕೊಟ್ಟಿಗೆಯಲ್ಲಿ ಮಲಗಿದ ಹಸುವಿನ ಕತ್ತಿನಲ್ಲಿ ಉಂಡೆಯೊಂದು ಮೇಲೇರುವುದು ಕಾಣುತ್ತದಲ್ಲ, ಅದು ಅರೆಬರೆ ಅಗಿದು ನುಂಗಿದ್ದ ಮೇವು. ದಿನಕ್ಕೆ ಸುಮಾರು 8 ಗಂಟೆ ಹೀಗೆ ಮೆಲುಕು ಹಾಕುವಾಗ ಮೇವು ನುಣ್ಣಗಾಗುವುದಲ್ಲದೆ, ಅದರೊಡನೆ ಬೆರೆಯುವ ಕ್ಷಾರಗುಣದ ಜೊಲ್ಲು ರೂಮೆನ್ನಿನಲ್ಲಿ ಹುಳಿ ಮಿತಿಮೀರದಂತೆ ತಡೆಯುತ್ತದೆ. ಕೊನೆಯ ಕೋಣೆಯ ಆಮ್ಲದಲ್ಲಿ, ವಿಚಿತ್ರವೆನಿಸಿದರೂ, ಮೇವಿನೊಡನೆ ಇಳಿದುಬಂದ ಆ ಸೂಕ್ಷ್ಮಜೀವಿಗಳೇ ಜೀರ್ಣವಾಗತೊಡಗಿ ಹಸುವಿಗೆ ಪ್ರೋಟೀನು ಒದಗುತ್ತದೆ.