ಟೊಮಿಯೋಕಾ ಗಿರಣಿಗೆ ಎರಡು ಆರಂಭ ದಿನಾಂಕ ಏಕೆ?

ಜಪಾನಿನ ಹಳೆಯ ದಿನಾಂಕಗಳ ಪಟ್ಟಿ ಮಾಡುತ್ತಿರುವ ನೀವು, ಅಲ್ಲಿನ ಟೊಮಿಯೋಕಾ ರೇಷ್ಮೆ ಗಿರಣಿಯ ಆರಂಭಕ್ಕೆ ನಿಮ್ಮ ಎರಡು ಪುಸ್ತಕಗಳು ಬೇರೆ ಬೇರೆ ದಿನ ಕೊಡುವುದೇಕೆ ಎಂದು ಕೇಳಿದ್ದೀರಿ. ಒಂದು ಪುಸ್ತಕ ಗಿರಣಿ 1872ರ ಅಕ್ಟೋಬರ್ 4ರಂದು ಶುರುವಾಯಿತು ಎನ್ನುವುದಕ್ಕೂ ಇನ್ನೊಂದು ನವೆಂಬರ್ 4 ಎನ್ನುವುದಕ್ಕೂ ಬಹುಶಃ ಪಂಚಾಂಗವೇ ಕಾರಣ. ನಿಮ್ಮ ಪುಸ್ತಕಗಳನ್ನು ನಾನು ನೋಡಿಲ್ಲ, ಮುದ್ರಣದೋಷವೂ ಇರಬಹುದು. ಆದರೆ ಜಪಾನ್ 1872ರ ಕೊನೆಯವರೆಗೂ ಚಾಂದ್ರಮಾನವನ್ನೇ ಅನುಸರಿಸುತ್ತಿತ್ತು. ಗಿರಣಿ ಆರಂಭವಾದದ್ದು ಮೇಜಿ ಶಕೆಯ (1868ರಿಂದ ಎಣಿಸುವ ಜಪಾನಿನ ಕಾಲಗಣನೆ) 5ನೇ ವರ್ಷದ ಹತ್ತನೇ ತಿಂಗಳ 4ರಂದು, ಅಂದರೆ ನವೆಂಬರ್ 4. ಹತ್ತನೇ ತಿಂಗಳೆಂದರೆ ಅಕ್ಟೋಬರ್ ಎಂದು ಯಾರೋ ಕಣ್ಣುಮುಚ್ಚಿ ಬರೆದಿರಬೇಕು.

ನಿಮ್ಮ ಪಟ್ಟಿಯಲ್ಲಿ ಮೊದಲು ಮೇಜಿ ವರ್ಷಕ್ಕೆ 1867 ಕೂಡಿಸಿ. ಬಂದದ್ದು 1873 ಅಥವಾ ಅದರ ನಂತರದ್ದಾದರೆ ತಿಂಗಳು, ದಿನ ಹಾಗೆಯೇ ಇರಲಿ. ಅದಕ್ಕೂ ಹಿಂದಿನದಾದರೆ ಪರಿವರ್ತನಾ ಕೋಷ್ಟಕ ಬೇಕೇ ಬೇಕು. ಅಂತರ ಒಂದೇ ಸಮ ಇರುವುದಿಲ್ಲವಾದ್ದರಿಂದ ಅಂದಾಜಿನಲ್ಲಿ ತಿಂಗಳು ಸೇರಿಸಬೇಡಿ. ಅಧಿಕಮಾಸವಿದ್ದರೆ ಗುರುತು ಹಾಕಿಕೊಳ್ಳಿ. (ಮೇಜಿ 6ರಲ್ಲೂ ಅಧಿಕಮಾಸ ಬರುವುದಿತ್ತು, ಪಂಚಾಂಗ ಬದಲಿಸಿದ ಸರ್ಕಾರಕ್ಕೆ ನೌಕರರ ಹದಿಮೂರನೇ ಸಂಬಳ ಉಳಿಯಿತು. ಜಾಣತನವೇ!)

ವರ್ಷದ ಕೊನೆಯ ತಿಂಗಳಿನಲ್ಲಿ ಇಸವಿಯೇ ತಪ್ಪಬಹುದು. ಚಕ್ರವರ್ತಿಯ ಆಡಳಿತವನ್ನು ಮರುಸ್ಥಾಪಿಸಿದ ಘೋಷಣೆ ಕೇಯೋ (ಮೇಜಿಗೆ ಮುಂಚಿನ ಶಕೆ) 3ರ ಹನ್ನೆರಡನೇ ತಿಂಗಳ 9ರದ್ದು. ಅದು 1867ರ ಡಿಸೆಂಬರ್ ಅಲ್ಲ, 1868ರ ಜನವರಿ 3. ಶಿಂಬಾಶಿ–ಯೊಕೊಹಾಮಾ ರೈಲಿನ ಉದ್ಘಾಟನೆಯಿಂದ ನಿಮ್ಮ ಕೋಷ್ಟಕವನ್ನು ಪರೀಕ್ಷಿಸಿ: ಮೇಜಿ 5ರ ಒಂಬತ್ತನೇ ತಿಂಗಳ 12ಕ್ಕೆ 1872ರ ಅಕ್ಟೋಬರ್ 14 ಬರಬೇಕು.