ರಿಟ್ ಅರ್ಜಿ ಹಿಂಪಡೆಯುವ ಮುನ್ನ

ಬೀದರಿನ ಮನೆಗೆ ಬ್ಯಾಂಕ್ ಸ್ವಾಧೀನದ ನೋಟಿಸ್ ಅಂಟಿಸಿದೆ, ಕಲಬುರಗಿ ಹೈಕೋರ್ಟ್ ಪೀಠದಲ್ಲಿರುವ ರಿಟ್ ಅರ್ಜಿಯನ್ನು ಹಿಂಪಡೆಯೋಣ ಎಂದು ವಕೀಲರು ಹೇಳುತ್ತಿದ್ದಾರೆ, ಇದು ಸೋಲೊಪ್ಪಿದಂತಲ್ಲವೇ ಎಂದು ಕೇಳಿದ್ದೀರಿ. ಖಂಡಿತ ಅಲ್ಲ ಸರ್. ಅಡಮಾನದ ಆಸ್ತಿಯನ್ನು ಸ್ವಾಧೀನಕ್ಕೆ ಪಡೆದು ಸಾಲ ವಸೂಲಿ ಮಾಡಲು ಬ್ಯಾಂಕಿಗೆ ಅಧಿಕಾರ ಕೊಡುವ ಸರ್ಫೇಸಿ ಕಾಯ್ದೆಯ ಪ್ರಕರಣಗಳಲ್ಲಿ ಸಾಲ ವಸೂಲಾತಿ ನ್ಯಾಯಮಂಡಳಿಯ ದಾರಿ ಇರುವಾಗ ಹೈಕೋರ್ಟ್‌ಗಳು ಸಾಮಾನ್ಯವಾಗಿ ಮಧ್ಯೆ ಬರಬಾರದೆಂದು ಸುಪ್ರೀಂ ಕೋರ್ಟ್ 2010ರಲ್ಲೇ ಹೇಳಿದೆ.

ಆದರೆ ದಯವಿಟ್ಟು ಬರೀ ‘ಹಿಂಪಡೆಯಲಾಗಿದೆ’ ಎಂಬ ಆದೇಶಕ್ಕೆ ಒಪ್ಪಬೇಡಿ. ನ್ಯಾಯಮಂಡಳಿಗೆ ಹೋಗುವ ಸ್ವಾತಂತ್ರ್ಯವನ್ನು ಕಾಯ್ದಿರಿಸಿದ ಸಾಲು ಅದರಲ್ಲಿ ಇರಲೇಬೇಕು. ಸರ್ಫೇಸಿ ಕಾಯ್ದೆಯ 17ನೇ ಕಲಮಿನಡಿ ನ್ಯಾಯಮಂಡಳಿಗೆ ಸಲ್ಲಿಸುವ ಅರ್ಜಿಗೆ ಬ್ಯಾಂಕ್ ಕ್ರಮ ಕೈಗೊಂಡ ದಿನದಿಂದ 45 ದಿನವಷ್ಟೇ ಕಾಲಾವಕಾಶ. ಹೈಕೋರ್ಟಿನಲ್ಲಿ ಕಳೆದ ದಿನಗಳನ್ನು ಲೆಕ್ಕದಿಂದ ಕೈಬಿಡುವಂತೆ ಕೋರಲು ಹೇಳಿ. ತಡೆಯಾಜ್ಞೆ ಸಿಕ್ಕಿದ್ದರೆ ರಿಟ್ ಜೊತೆಗೆ ಅದೂ ಹೋಗುತ್ತದೆ. ನ್ಯಾಯಮಂಡಳಿ ದೂರದ ಬೆಂಗಳೂರಿನಲ್ಲಿದೆ, ಹಾಗಾಗಿ ಅಲ್ಲಿನ ಅರ್ಜಿ ಸಿದ್ಧವಾದ ಮೇಲೆಯೇ ಇಲ್ಲಿ ಹಿಂಪಡೆಯಿರಿ.