ಸೂಜಿಗಣ್ಣಿನೊಳಗಿನ ಶಿಲ್ಪಗಳನ್ನು ನಿಜವಾಗಿಯೂ ಕೈಯಿಂದಲೇ ಮಾಡುತ್ತಾರೆಯೇ?

ಸೂಜಿಯ ಕಣ್ಣಿನಲ್ಲಿ ಒಂಟೆಗಳ ಸಾಲು, ಕೂದಲೆಳೆಯೊಳಗೆ ಗುಲಾಬಿ ಹೂವು ಎಂದು ಮೊಬೈಲಿನಲ್ಲಿ ಹರಿದಾಡುವ ಕೃತಿಗಳನ್ನು ಮನುಷ್ಯರು ಕೈಯಿಂದಲೇ ಮಾಡುತ್ತಾರೆಯೇ ಅಥವಾ ಯಂತ್ರದಲ್ಲಿ ಮಾಡಿಸಿ ಕೈಕೆಲಸವೆಂದು ನಂಬಿಸುತ್ತಾರೆಯೇ ಎಂದು ನೀವು ಕೇಳಿದ್ದೀರಿ. ಅಷ್ಟು ಸಣ್ಣದು ಅವರ ಕಣ್ಣಿಗೆ ಕಾಣುವುದು ಹೇಗೆ, ಸಾಧಾರಣ ಮನುಷ್ಯನೊಬ್ಬ ಇದನ್ನು ಕಲಿಯಬಹುದೇ ಎಂಬುದನ್ನೂ ಸೇರಿಸಿದ್ದೀರಿ.

ಕೈಯಿಂದಲೇ ಮಾಡುವವರು ಖಂಡಿತ ಇದ್ದಾರೆ. ಆದರೆ ಕಾಣುವುದು ಇಲ್ಲಿ ದೊಡ್ಡ ಕಷ್ಟವೇ ಅಲ್ಲ. ಒಳ್ಳೆಯ ಸೂಕ್ಷ್ಮದರ್ಶಕವಿದ್ದರೆ ಯಾರಿಗಾದರೂ ಕಾಣುತ್ತದೆ. ಕಷ್ಟವಿರುವುದು ಕೈಯನ್ನು ನಿಲ್ಲಿಸುವುದರಲ್ಲಿ, ಅದಕ್ಕಿಂತಲೂ ಹೆಚ್ಚಾಗಿ ಹಿಡಿದದ್ದನ್ನು ಬಿಡುವುದರಲ್ಲಿ. ನಾನು ಕಲಾವಿದನಲ್ಲ. ಬೆಳಗಾವಿಯ ಉದ್ಯಮಬಾಗದ ಒಂದು ಕಾರ್ಖಾನೆಯ ಟೂಲ್ ರೂಮಿನಲ್ಲಿ ಹತ್ತೊಂಬತ್ತು ವರ್ಷಗಳಿಂದ ಅಳತೆ ನೋಡುವ ಕೆಲಸ ಮಾಡುತ್ತಿದ್ದೇನೆ. ಹೈಡ್ರಾಲಿಕ್ ವಾಲ್ವಿನೊಳಗೆ ಜಾರುವ ಸ್ಪೂಲ್ ಎಂಬ ದಂಡಕ್ಕೂ ಅದು ಓಡಾಡುವ ರಂಧ್ರಕ್ಕೂ ನಡುವೆ ಇರಬೇಕಾದ ಸಂದು ಕೆಲವೇ ಮೈಕ್ರಾನ್ ಆಗಿರುವುದರಿಂದ, ಮೈಕ್ರಾನ್ ಎಂಬ ಮಾತು ನಮ್ಮಲ್ಲಿ ಚಹಾ ಕುಡಿಯುವಾಗಲೂ ಬರುತ್ತದೆ. ಮಿಲಿಮೀಟರಿನ ಸಾವಿರದಲ್ಲೊಂದು ಪಾಲು ಒಂದು ಮೈಕ್ರಾನ್. ತಲೆಗೂದಲಿನ ದಪ್ಪ ಸಾಮಾನ್ಯವಾಗಿ ಐವತ್ತರಿಂದ ನೂರು ಮೈಕ್ರಾನ್. ಬರಿಗಣ್ಣು ಹತ್ತಿರ ಹಿಡಿದು ನೋಡಿದಾಗ ಬೇರೆಬೇರೆಯಾಗಿ ಗುರುತಿಸಬಲ್ಲ ಎರಡು ಚುಕ್ಕಿಗಳ ಅಂತರವೂ ಹೆಚ್ಚುಕಡಿಮೆ ನೂರು ಮೈಕ್ರಾನೇ.

ಈಗ ಕೈಯ ವಿಷಯ. ಎಷ್ಟೇ ಆರೋಗ್ಯವಂತನ ಕೈಯಾದರೂ ಸೆಕೆಂಡಿಗೆ ಎಂಟರಿಂದ ಹನ್ನೆರಡು ಸಲ ನಡುಗುತ್ತಲೇ ಇರುತ್ತದೆ. ಸೂಕ್ಷ್ಮ ಶಸ್ತ್ರಚಿಕಿತ್ಸೆ ಮಾಡುವ ವೈದ್ಯರ ಕೈಯಲ್ಲಿ ಹಿಡಿದ ಉಪಕರಣದ ತುದಿ ಕೂಡ ನೂರು ಮೈಕ್ರಾನಿನ ಆಸುಪಾಸಿನಲ್ಲಿ ಅಲುಗುತ್ತದೆ. ಹಾಗೆಂದರೆ ಮಾಡಬೇಕಾದ ಶಿಲ್ಪದಷ್ಟೇ ದೊಡ್ಡದು ಕೈಯ ನಡುಕ. ಇದರ ಮೇಲೆ ನಾಡಿ ಬೇರೆ. ಮೊಣಕೈ, ಮಣಿಕಟ್ಟು, ಕಿರುಬೆರಳು ಮೂರಕ್ಕೂ ಆಸರೆ ಕೊಟ್ಟು ನಡುಕವನ್ನು ಬಹುಮಟ್ಟಿಗೆ ತಗ್ಗಿಸಬಹುದು, ಆದರೆ ಎದೆ ಬಡಿತವನ್ನು ತಗ್ಗಿಸಲಾಗುವುದಿಲ್ಲವಾದ್ದರಿಂದ ಎರಡು ಬಡಿತಗಳ ನಡುವಿನ ಬಿಡುವನ್ನು ಕಾಯ್ದು, ಒಂದು ಸೆಕೆಂಡಿಗೂ ಕಡಿಮೆಯಾದ ಆ ಅವಧಿಯಲ್ಲಿ ಒಂದೇ ಒಂದು ಗೀರು ಎಳೆದು, ಮತ್ತೆ ಕಾಯಬೇಕು. ಈ ಕಲೆಯ ಹಿರಿಯರಲ್ಲಿ ಹಲವರು, ಒಬ್ಬರಿಂದೊಬ್ಬರು ದೂರದ ದೇಶಗಳಲ್ಲಿದ್ದೂ, ಇದೇ ಮಾತನ್ನು ಹೇಳಿದ್ದಾರೆ. ಮೊದಮೊದಲು ಓದಿದಾಗ ಇದು ಪತ್ರಿಕೆಯವರಿಗಾಗಿ ಹೇಳಿದ ಬಣ್ಣದ ಮಾತೆಂದು ನಾನು ನಕ್ಕಿದ್ದೆ. ಕಾರ್ಖಾನೆಯವರು ಗುಜರಿಗೆ ಹಾಕಿದ ಹಳೆಯ ಸ್ಟೀರಿಯೋ ಸೂಕ್ಷ್ಮದರ್ಶಕವೊಂದನ್ನು ಕೊಂಡು ಮನೆಗೆ ತಂದು, ಅದರ ಕೆಳಗೆ ಸೂಜಿ ಹಿಡಿದು ಕುಳಿತ ದಿನ, ಸೂಜಿಯ ಮೊನೆ ನನ್ನ ನಾಡಿಯ ಲೆಕ್ಕಕ್ಕೆ ಸರಿಯಾಗಿ ಜಿಗಿಯುವುದನ್ನು ಕಂಡು ಸುಮ್ಮನಾದೆ.

ಒಂಟೆಗಳ ಸಾಲು ಮತ್ತು ಗುಲಾಬಿ, ಎರಡೂ ಉಕ್ರೇನಿನ ನಿಕೊಲಾಯ್ ಸ್ಯಾದ್ರಿಸ್ತಿ ಎಂಬುವವರ ಪ್ರಸಿದ್ಧ ಕೃತಿಗಳು. 1937ರಲ್ಲಿ ಹುಟ್ಟಿದ ಇವರು ಓದಿದ್ದು ಕೃಷಿ ವಿಜ್ಞಾನ. ಕೂದಲನ್ನು ಟೊಳ್ಳು ಮಾಡಿ, ಹೊರಗಿನಿಂದ ಪಾರದರ್ಶಕವಾಗುವಂತೆ ಉಜ್ಜಿ, ಅದರೊಳಗೆ ಗುಲಾಬಿಯನ್ನು ಕೂರಿಸಿದ್ದಾರೆ. ಚಿಗಟದ ಕಾಲಿಗೆ ಚಿನ್ನದ ಲಾಳ ಹೊಡೆದಿದ್ದಾರೆ. ಶೆವ್ಚೆಂಕೊ ಕವಿಯ ಪದ್ಯಗಳನ್ನು ಹನ್ನೆರಡು ಪುಟಗಳ ಪುಟಾಣಿ ಪುಸ್ತಕವಾಗಿಸಿ, ಅದರ ಹಾಳೆಗಳನ್ನು ಜೇಡರ ಬಲೆಯ ಎಳೆಯಿಂದ ಹೊಲಿದಿದ್ದಾರೆ. ಕೀವ್ ನಗರದ ಪೆಚೆರ್ಸ್ಕ್ ಲಾವ್ರಾ ಮಠದ ಆವರಣದಲ್ಲಿ ಇವುಗಳಿಗಾಗಿಯೇ ಒಂದು ವಸ್ತುಸಂಗ್ರಹಾಲಯವಿದೆ. ಅಲ್ಲಿ ಪ್ರತಿಯೊಂದು ಕೃತಿಯ ಮುಂದೆಯೂ ಒಂದು ಸೂಕ್ಷ್ಮದರ್ಶಕವಿರುತ್ತದೆ. ಹಾಗೋಪ್ ಸಂದಾಲ್ಜಿಯನ್ ಎಂಬ ಅರ್ಮೇನಿಯನ್ ಮೂಲದವರು ಪಿಟೀಲು ಕಲಿಸುವ ಗುರುಗಳಾಗಿದ್ದರು. ಕೊನೆಗಾಲದಲ್ಲಿ ಅಮೆರಿಕದ ಲಾಸ್ ಏಂಜಲೀಸಿನಲ್ಲಿ ನೆಲೆಸಿದ್ದ ಅವರ ಸೂಜಿಗಣ್ಣಿನ ಬೊಂಬೆಗಳು ಈಗಲೂ ಆ ನಗರದ ಸಂಗ್ರಹಾಲಯವೊಂದರಲ್ಲಿವೆ. ಕಮಾನಿನ ಭಾರವನ್ನು ತಂತಿಯ ಮೇಲೆ ತೂಗಿ ಬಿಡುವ ಕೈಗೂ ಈ ಕೆಲಸಕ್ಕೂ ನೆಂಟಸ್ತಿಕೆ ಇದೆ ಎಂದು ನನಗೆ ಅನ್ನಿಸುತ್ತದೆ.

ಇಂಗ್ಲೆಂಡಿನ ವಿಲ್ಲರ್ಡ್ ವಿಗನ್ ಅವರ ಹೆಸರನ್ನು ನೀವು ಕೇಳಿರಬಹುದು. ಬಾಲ್ಯದಲ್ಲಿ ಓದು ತಲೆಗೆ ಹತ್ತದೆ ಶಾಲೆಯಲ್ಲಿ ಅವಮಾನ ಉಂಡ ಹುಡುಗ, ಐದನೆಯ ವಯಸ್ಸಿನಲ್ಲಿ ಇರುವೆಗಳಿಗೆ ಮನೆ ಕಟ್ಟಿಕೊಡುತ್ತಾ ಈ ದಾರಿ ಹಿಡಿದರು. 2007ರಲ್ಲಿ ಬ್ರಿಟನ್ನಿನ ಎಂ.ಬಿ.ಇ. ಗೌರವ ಪಡೆದರು. ಬಣ್ಣ ಹಚ್ಚಲು ಅವರು ಬಳಸುವುದು ಸತ್ತ ನೊಣದ ಮೈಮೇಲಿನ ರೋಮವನ್ನು. ರಸ್ತೆಯ ವಾಹನಗಳ ಅದುರು ಕಡಿಮೆಯಿರುತ್ತದೆಂದು ರಾತ್ರಿ ಕೆಲಸ ಮಾಡುತ್ತಾರೆ. ಒಮ್ಮೆ, ಮಕ್ಕಳ ಕಥೆಯೊಂದರ ಹುಡುಗಿಯ ಶಿಲ್ಪವನ್ನು ಇನ್ನೇನು ಕೂರಿಸಬೇಕು ಎನ್ನುವಾಗ ಉಸಿರೆಳೆದು, ಆ ಹುಡುಗಿಯನ್ನೇ ಒಳಗೆ ಎಳೆದುಕೊಂಡುಬಿಟ್ಟರಂತೆ.

ಹಿಡಿದದ್ದನ್ನು ಬಿಡುವ ಕಷ್ಟ ಎಂದೆನಲ್ಲ, ಅದನ್ನು ವಿವರಿಸುತ್ತೇನೆ, ಏಕೆಂದರೆ ಬರಹಗಳಲ್ಲಿ ಇದನ್ನು ಹೇಳುವವರು ಕಡಿಮೆ. ಒಂದು ವಸ್ತುವಿನ ಉದ್ದ, ಅಗಲ, ಎತ್ತರಗಳನ್ನು ಹತ್ತನೆಯ ಒಂದು ಪಾಲಿಗೆ ಇಳಿಸಿದರೆ ಅದರ ತೂಕ ಸಾವಿರದ ಒಂದು ಪಾಲಿಗೆ ಇಳಿಯುತ್ತದೆ, ಆದರೆ ಮೇಲ್ಮೈ ಇಳಿಯುವುದು ನೂರರ ಒಂದು ಪಾಲಿಗೆ ಮಾತ್ರ. ಸಣ್ಣದಾಗುತ್ತಾ ಹೋದಂತೆ ತೂಕ ಸೋಲುತ್ತದೆ, ಅಂಟು ಗೆಲ್ಲುತ್ತದೆ. ಗಾಳಿಯ ತೇವ, ಸ್ಥಾಯೀ ವಿದ್ಯುತ್ತು, ಕಣಗಳ ಪರಸ್ಪರ ಸೆಳೆತ ಎಲ್ಲವೂ ಸೇರಿ ಆ ಕಣವನ್ನು ಚಿಮಟಕ್ಕೆ ಮೆತ್ತಿಸಿಬಿಡುತ್ತವೆ. ಟೂಲ್ ರೂಮಿನವರಿಗೆ ಇದು ಹೊಸದಲ್ಲ: ಅಳತೆಗೆ ಬಳಸುವ ಸ್ಲಿಪ್ ಗೇಜು ಎಂಬ ಉಕ್ಕಿನ ತುಂಡುಗಳ ನುಣುಪಾದ ಎರಡು ಮುಖಗಳನ್ನು ಒರೆಸಿ, ಒಂದರ ಮೇಲೊಂದಿಟ್ಟು ತಿರುವಿದರೆ ಯಾವ ಗೋಂದೂ ಇಲ್ಲದೆ ಕಚ್ಚಿಕೊಂಡು ಕೂರುತ್ತವೆ, ಎಳೆದರೆ ಬರುವುದಿಲ್ಲ, ಜಾರಿಸಿಯೇ ಬಿಡಿಸಬೇಕು. ಸೂಕ್ಷ್ಮ ಕಲಾವಿದನಿಗೆ ಇಡೀ ಜಗತ್ತೇ ಸ್ಲಿಪ್ ಗೇಜು. ನಾವು ಮೇಜಿನ ಮೇಲೆ ಲೋಟ ಇಡುವ ಹಾಗೆ ಆತ ಏನನ್ನೂ ‘ಇಡಲಾರ’. ಸೂಜಿಗಿಂತ ಹೆಚ್ಚು ಅಂಟುವ ಜಾಗಕ್ಕೆ ತಾಗಿಸಿ, ಅದು ತಾನಾಗಿ ಅಲ್ಲಿಗೆ ಹೋಗುವಂತೆ ಮಾಡಬೇಕು.

ಇದನ್ನು ನಾನು ಕಲಿತದ್ದು ಎಡವಿಯೇ. ಲೇತ್ ಅಡಿಯಿಂದ ಆಯ್ದ ಹಿತ್ತಾಳೆಯ ಚೂರೊಂದನ್ನು ಪಾಣಿಪೀಠ ಸಹಿತ ಶಿವಲಿಂಗವಾಗಿ ಕಡೆದು ಗೋಣಿ ಹೊಲಿಯುವ ದಬ್ಬಣದ ಕಣ್ಣಿನಲ್ಲಿ ಕೂರಿಸಬೇಕೆಂದು ಹೊರಟೆ. ಎತ್ತರ ಸುಮಾರು ಅರ್ಧ ಮಿಲಿಮೀಟರು. ಮೇಲೆ ಹೇಳಿದವರ ಕೆಲಸದ ಮುಂದೆ ಇದು ಗೊಮ್ಮಟ. ಲೋಹ ಕತ್ತರಿಸುವ ಕಾರ್ಬೈಡ್ ಇನ್ಸರ್ಟು ಒಡೆದಾಗ ಸಿಕ್ಕ ಚೂಪು ಚಕ್ಕೆಯನ್ನು ಅಗರಬತ್ತಿಯ ಕಡ್ಡಿಗೆ ಅಂಟಿಸಿ ಉಳಿ ಮಾಡಿಕೊಂಡಿದ್ದೆ. ಕೆತ್ತನೆಯೇ ಹನ್ನೊಂದು ಭಾನುವಾರ ಹಿಡಿಯಿತು. ಆರಂಭಿಸಿದ್ದು ಏಪ್ರಿಲಿನಲ್ಲಿ, ವಿಜಯಪುರದ ನಮ್ಮ ಹಿರಿಯರ ಮನೆಯಲ್ಲಿ. ಆ ಒಣ ಬಿಸಿಲಿನಲ್ಲಿ ಉಳಿ ತಾಗಿಸುವ ಮೊದಲೇ ಪುಡಿಯೆಲ್ಲ ಜಿಗಿದು ಮೆತ್ತಿಕೊಳ್ಳುತ್ತಿತ್ತು. ಬೆಳಗಾವಿಗೆ ಮರಳಿ ಜಿಟಿಜಿಟಿ ಮಳೆ ಹಿಡಿದ ಮೇಲೆ ಅದೇ ಪುಡಿ ಸಾಧುವಾಯಿತು, ಆದರೆ ಲಿಂಗ ಸೂಜಿಮೊನೆಯನ್ನು ಬಿಟ್ಟು ಇಳಿಯಲೊಲ್ಲದು. ಸಹನೆ ತೀರಿ, ಕ್ಷಣದಲ್ಲಿ ಅಂಟುವ ಗೋಂದನ್ನು ದಬ್ಬಣದ ಕಣ್ಣಿಗೆ ಸವರಿ ಕೂರಿಸಿದೆ. ಕೂತಿತು. ಮರುದಿನ ನೋಡಿದರೆ, ಆ ಗೋಂದಿನ ಆವಿ ಸುತ್ತ ಹೆಪ್ಪುಗಟ್ಟಿ, ಮೂರು ತಿಂಗಳು ತಿಕ್ಕಿ ಹೊಳಪು ತಂದ ಹಿತ್ತಾಳೆಯ ಮೇಲೆ ಬೂದಿಯಂಥ ಬಿಳಿಯ ಪದರ ಕೂತಿತ್ತು. ಕಾರ್ಖಾನೆಗೆ ಒಯ್ದು ತೋರಿಸಿದಾಗ ಗ್ರೈಂಡಿಂಗ್ ವಿಭಾಗದ ಹಿರಿಯರೊಬ್ಬರು ಲೆನ್ಸಿನಿಂದ ಕಣ್ಣು ತೆಗೆಯದೆಯೇ, “ಈಬತ್ತಿ ತಾನಾ ಹಚ್ಚಿಕೊಂಡೈತಿ, ಬಿಡೋ ಮಾರಾಯಾ” ಎಂದರು. ಅದು ಹಾಗೆಯೇ ಒಂದು ಗಾಜಿನ ಡಬ್ಬಿಯಲ್ಲಿದೆ.

ಯಂತ್ರದ ಪ್ರಶ್ನೆಗೆ ಬರುತ್ತೇನೆ. ಯಂತ್ರದಿಂದಲೂ ಮಾಡುತ್ತಾರೆ, ಮುಚ್ಚುಮರೆಯಿಲ್ಲದೆ ಹೇಳಿಯೇ ಮಾಡುತ್ತಾರೆ. ಜಾಂಟಿ ಹರ್ವಿಟ್ಜ್ ಎಂಬ ಶಿಲ್ಪಿ 2014ರಲ್ಲಿ ಕೂದಲಿನ ದಪ್ಪದಷ್ಟೇ ಇರುವ ಹೆಣ್ಣಿನ ಪ್ರತಿಮೆಗಳನ್ನು ತೋರಿಸಿದರು. ನಿಜವಾದ ವ್ಯಕ್ತಿಯನ್ನು ಹಲವಾರು ಕ್ಯಾಮೆರಾಗಳಿಂದ ಒಮ್ಮೆಲೇ ಸೆರೆಹಿಡಿದು, ಬೆಳಕು ತಾಗಿದರೆ ಗಟ್ಟಿಯಾಗುವ ರಾಳದೊಳಗೆ ಲೇಸರ್ ಕಿರಣವನ್ನು ಬಿಂದುಬಿಂದುವಾಗಿ ಕೇಂದ್ರೀಕರಿಸಿ ಮೂಡಿಸಿದ ಆಕೃತಿಗಳು ಅವು. ಫೋಟೋ ತೆಗೆಯುವ ಹೊತ್ತಿನಲ್ಲಿ ಒಂದು ಪ್ರತಿಮೆ ಕಳೆದೇ ಹೋಯಿತು. ಕೈಕೆಲಸಕ್ಕೂ ಇದಕ್ಕೂ ವ್ಯತ್ಯಾಸ ಹುಡುಕಲು ನೀವು ಚಿತ್ರವನ್ನು ಹಿಗ್ಗಿಸಿ ಅಂಚುಗಳನ್ನು ನೋಡಬೇಕು. ಕೈಯಲ್ಲಿ ಕೆತ್ತಿದ್ದರಲ್ಲಿ ಎಡಗಣ್ಣು ಬಲಗಣ್ಣಿನಂತಿರುವುದಿಲ್ಲ, ಉಳಿಯ ಗೀರುಗಳು ಬೇರೆಬೇರೆ ದಿಕ್ಕಿಗೆ ಓಡುತ್ತವೆ, ಬಣ್ಣ ಒಂದೆಡೆ ಗುಡ್ಡೆಯಾಗಿರುತ್ತದೆ. ಯಂತ್ರದ್ದರಲ್ಲಿ ಪದರಗಳು ಸಮಾನ ಅಂತರದಲ್ಲಿರುತ್ತವೆ, ಲೇಸರಿನಲ್ಲಿ ಕೊರೆದ ಲೋಹವಾದರೆ ಅಂಚು ಕರಗಿ ದುಂಡಗಾಗಿರುತ್ತದೆ. ಇನ್ನು ಈಚೆಗೆ ಕಂಪ್ಯೂಟರೇ ಕಲ್ಪಿಸಿದ ಚಿತ್ರಗಳೂ ಬರುತ್ತಿವೆ; ಅದೇ ಕೃತಿಯನ್ನು ಬೇರೆ ಕೋನದಿಂದ ತೋರಿಸುವ ಎರಡನೆಯ ಚಿತ್ರ ಸಿಗದಿದ್ದರೆ ನಾನಂತೂ ನಂಬುವುದಿಲ್ಲ.

ಒಂದು ಮಾತು ಪಕ್ಕಕ್ಕೆ. ವಿಜಯಪುರದ ಆದಿಲ್‌ಶಾಹಿ ಕಾಲದ ಚಿತ್ರಗಳನ್ನು ‘ಮಿನಿಯೇಚರ್’ ಎನ್ನುತ್ತೇವಲ್ಲ, ಆ ಶಬ್ದಕ್ಕೂ ಸಣ್ಣತನಕ್ಕೂ ಮೂಲದಲ್ಲಿ ಸಂಬಂಧವಿಲ್ಲ. ಹಸ್ತಪ್ರತಿಗಳ ಅಲಂಕಾರಕ್ಕೆ ಬಳಸುತ್ತಿದ್ದ ಸೀಸದ ಕೆಂಪು ಸಿಂಧೂರದ ಲ್ಯಾಟಿನ್ ಹೆಸರು ‘ಮಿನಿಯಮ್’, ಅದರಿಂದ ಬಂದದ್ದು. ಆದರೂ ಅಳಿಲಿನ ಬಾಲದ ಕೂದಲಿನ ಕುಂಚ ಹಿಡಿದು ರೆಪ್ಪೆಯೊಂದೊಂದನ್ನೂ ಬರೆಯುತ್ತಿದ್ದವರ ಕೈ ಈ ಸೂಕ್ಷ್ಮ ಕಲಾವಿದರ ಕೈಗೆ ಅಣ್ಣನಾಗಬೇಕು.

ಸಣ್ಣದೆಂಬ ಕಾರಣಕ್ಕೇ ಎಲ್ಲವೂ ದೊಡ್ಡ ಕಲೆ ಎಂದು ನಾನು ಒಪ್ಪುವುದಿಲ್ಲ. ಕ್ರಿಕೆಟ್ ವಿಶ್ವಕಪ್ ಬಂದಾಗಲೆಲ್ಲ ಗುಲಗಂಜಿಗಿಂತ ಹಗುರವಾದ ಚಿನ್ನದ ಕಪ್ ಮಾಡಿದ ಸುದ್ದಿ ಪತ್ರಿಕೆಯಲ್ಲಿ ಬರುತ್ತದೆ. ತೂಕ ಬರೆಯುತ್ತಾರೆ, ಎತ್ತರ ಬರೆಯುತ್ತಾರೆ, ನೋಡಲು ಹೇಗಿದೆ ಎಂದು ಯಾರೂ ಬರೆಯುವುದಿಲ್ಲ. ನನಗೆ ಎಲ್ಲಕ್ಕಿಂತ ಹಿಡಿಸಿದ್ದು ಜರ್ಮನಿಯ ಯೋಹಾನ್ ಡೀಡ್ರಿಶ್ ಮೊಲ್ಲರ್ ಅವರ ಹತ್ತೊಂಬತ್ತನೆಯ ಶತಮಾನದ ಗಾಜಿನ ಪಟ್ಟಿಗಳು. ಡಯಾಟಮ್ ಎಂಬ ಏಕಕೋಶ ಪಾಚಿಗಳ ಗಾಜಿನಂಥ ಚಿಪ್ಪುಗಳನ್ನು ಒಂದೊಂದಾಗಿ ಎತ್ತಿ, ಸಾಲುಸಾಲಾಗಿ ಜೋಡಿಸಿ, ಒಂದೇ ಪಟ್ಟಿಯಲ್ಲಿ ನಾಲ್ಕು ಸಾವಿರಕ್ಕೂ ಹೆಚ್ಚು ಚಿಪ್ಪುಗಳನ್ನು ಕೂರಿಸಿದರು. ಅಲ್ಲಿ ಮನುಷ್ಯ ಕೆತ್ತಿದ್ದು ಏನೂ ಇಲ್ಲ, ಜೋಡಿಸಿದ್ದಷ್ಟೇ. ಆದರೆ ಸೂಕ್ಷ್ಮದರ್ಶಕದಲ್ಲಿ ಅದು ಸಂಕ್ರಾಂತಿಯ ರಂಗೋಲಿಯಂತೆ ಕಾಣುತ್ತದೆ, ಅಳತೆ ಹೇಳದಿದ್ದರೂ ಚೆಲುವಾಗಿಯೇ ಇರುತ್ತದೆ.

ಕಲಿಯಬಹುದೇ ಎಂದರೆ, ಕಲಿಯಬಹುದು. ಸೂಕ್ಷ್ಮದರ್ಶಕಕ್ಕೆ ಈಗಲೇ ಹಣ ಸುರಿಯಬೇಡಿ. ಮೃದುವಾದ ಪೆನ್ಸಿಲಿನ ಸೀಸ, ಹೊಸ ಬ್ಲೇಡು, ಹತ್ತು ಪಟ್ಟು ಹಿಗ್ಗಿಸುವ ಗಡಿಯಾರ ರಿಪೇರಿಯವರ ಲೆನ್ಸು ಸಾಕು. ಚಹಾ ಕುಡಿದ ಮೇಲೆ ಒಂದು ತಾಸು ಕೂರಬೇಡಿ. ಅದಕ್ಕೂ ಮೊದಲು ಜನವರಿಯಲ್ಲಿ ವಿಜಯಪುರದ ಸಿದ್ಧೇಶ್ವರ ಜಾತ್ರೆಗೆ ಹೋದರೆ, ಅಕ್ಕಿಕಾಳಿನ ಮೇಲೆ ಹೆಸರು ಬರೆದುಕೊಡುವವರು ಕಂಡಲ್ಲಿ ಅರ್ಧ ತಾಸು ನಿಲ್ಲಿ. ಬರೆದ ಕಾಳನ್ನು ಎಣ್ಣೆ ತುಂಬಿದ ಸಣ್ಣ ಗಾಜಿನ ನಳಿಕೆಗೆ ಹಾಕಿ ಕೊಡುತ್ತಾರೆ. ದುಂಡನೆಯ ನಳಿಕೆ ಮತ್ತು ಎಣ್ಣೆ ಸೇರಿ ಲೆನ್ಸಿನಂತೆ ಅಕ್ಷರವನ್ನು ಹಿಗ್ಗಿಸುತ್ತವೆ, ಅದು ಅಲಂಕಾರಕ್ಕಷ್ಟೇ ಅಲ್ಲ. ನಾನು ಹೋದ ವರ್ಷ ‘ಸಿದ್ಧೇಶ್ವರ’ ಎಂದೇ ಬರೆಯಿಸಿದೆ. ಬರೆಯುವಾತ ತಲೆ ಎತ್ತಿ, “ಇಂಗ್ಲಿಷಿನಾಗ ಬರೀಲೇನ್ರಿ? ಇದರಾಗ ಒತ್ತು ಎರಡು ಅದಾವ” ಎಂದು ಕೇಳಿದ. ನಿಜವೇ, ಇಂಗ್ಲಿಷಿನ ಅಕ್ಷರಗಳು ಕಾಳಿನ ಬೆನ್ನಿನ ಮೇಲೆ ಒಂದೇ ಗೆರೆಯಲ್ಲಿ ನಡೆದು ಹೋಗುತ್ತವೆ, ನಮ್ಮ ಒತ್ತಕ್ಷರ ಮಾತ್ರ ಕೆಳಗೆ ಇಳಿಯಬೇಕು, ಕೆಳಗೆ ಕಾಳು ದುಂಡಗಾಗಿ ಜಾರುತ್ತದೆ. ಕನ್ನಡದಲ್ಲೇ ಬೇಕೆಂದೆ. ಆತ ಧಕಾರದ ಒತ್ತಿಗೆ ಬಂದಾಗ ಪೆನ್ನನ್ನು ಅಲುಗಿಸಲಿಲ್ಲ, ಹೆಬ್ಬೆರಳು ತೋರುಬೆರಳುಗಳ ನಡುವೆ ಕಾಳನ್ನೇ ಒಂದಿಷ್ಟು ಉರುಳಿಸಿದ. ಅವನ ಬಲಗೈಯ ಕಿರುಬೆರಳು ಎಡಗೈಯ ಮಣಿಕಟ್ಟಿಗೆ ಒತ್ತಿ ನಿಂತಿತ್ತು. ನೀವು ನೋಡಬೇಕಾದದ್ದು ಆ ಕಿರುಬೆರಳನ್ನು.